ಹುದುಗು ಆಹಾರ ಮತ್ತು ಕರುಳಿನ ಆರೋಗ್ಯ

ಹುದುಗು ಆಹಾರ ಎಂದರೆ ಬ್ಯಾಕ್ಟೀರಿಯ, ಯೀಸ್ಟ್ ಅಥವಾ ಬೂಷ್ಟುಗಳ ಅಪೇಕ್ಷಿತ ಬೆಳವಣಿಗೆಯಿಂದ ರುಚಿ, ವಾಸನೆ, ರಚನೆ ಹಾಗೂ ಪೋಷಕಗುಣಗಳಲ್ಲಿ ಮಾರ್ಪಾಡು ಹೊಂದಿದ ಆಹಾರ. ಮೊಸರು, ಮಜ್ಜಿಗೆ, ಇಡ್ಲಿ, ದೋಸೆ, ತಂಗಳನ್ನ ಮೊದಲಾದವು ಕರ್ನಾಟಕದ ಮನೆಗಳಲ್ಲಿ ನಿತ್ಯ ಬಳಕೆಯಲ್ಲಿರುವ ಹುದುಗು ಆಹಾರಗಳು. ಇವುಗಳಲ್ಲಿ ಕೆಲವು ಜೀವಂತ ಸೂಕ್ಷ್ಮಜೀವಿಗಳನ್ನು ಹೊತ್ತು ಹೊಟ್ಟೆ ಸೇರುತ್ತವೆ. ಇನ್ನು ಕೆಲವು ಒಲೆಯ ಮೇಲೆಯೇ ಅವನ್ನು ಕಳೆದುಕೊಳ್ಳುತ್ತವೆ. ಈ ವ್ಯತ್ಯಾಸವನ್ನು ಗಮನಿಸದೆ ಹುಳಿ ಬಂದ ಎಲ್ಲ ಆಹಾರವನ್ನೂ ‘ಪ್ರೋಬಯಾಟಿಕ್’ ಎಂದು ಕರೆಯುವ ರೂಢಿ ಈಚೆಗೆ ಹೆಚ್ಚಿದೆ. ಹುದುಗು ಆಹಾರದಿಂದ ಕರುಳಿಗೆ ಆಗುವ ಉಪಕಾರಗಳಲ್ಲಿ ಕೆಲವು ಚೆನ್ನಾಗಿ ಸಾಬೀತಾಗಿವೆ, ಕೆಲವು ಇನ್ನೂ ಪರೀಕ್ಷೆಯ ಹಂತದಲ್ಲಿವೆ, ಮತ್ತೆ ಕೆಲವು ಬರಿಯ ಜಾಹೀರಾತಿನ ಮಾತುಗಳಾಗಿವೆ.

ಪದಗಳ ಅರ್ಥ

ಕನ್ನಡದಲ್ಲಿ ಹಿಟ್ಟಿಗೆ ‘ಹುದುಗು ಬಂತು’, ‘ಹುಳಿ ಬಂತು’ ಎನ್ನುತ್ತಾರೆ. ಹಾಲಿಗಾದರೆ ‘ಹೆಪ್ಪು ಹಾಕುವುದು’ ಎನ್ನುತ್ತಾರೆ. ಮೇಲುನೋಟಕ್ಕೆ ಬೇರೆಯೆನಿಸಿದರೂ ಇವೆಲ್ಲ ಒಂದೇ ಬಗೆಯ ಜೈವಿಕ ಕ್ರಿಯೆಯ ಹೆಸರುಗಳು. ಹೆಪ್ಪು ಎಂದರೆ ಹಿಂದಿನ ದಿನದ ಮೊಸರಿನಿಂದ ತೆಗೆದಿರಿಸಿದ ಬ್ಯಾಕ್ಟೀರಿಯಗಳ ಬೀಜ. ಇಡ್ಲಿಯ ಹಿಟ್ಟಿಗೆ ಹೊರಗಿನಿಂದ ಹೆಪ್ಪು ಬೇಕಾಗುವುದಿಲ್ಲ. ಉದ್ದು ಮತ್ತು ಅಕ್ಕಿಯ ಮೇಲೆ ಸಹಜವಾಗಿಯೇ ಇರುವ ಬ್ಯಾಕ್ಟೀರಿಯಗಳು ನೆನೆಸುವಾಗ ಮತ್ತು ರುಬ್ಬಿದ ನಂತರ ವೃದ್ಧಿಯಾಗುತ್ತವೆ.

‘ಪ್ರೋಬಯಾಟಿಕ್’ ಎಂಬುದು ಇದಕ್ಕಿಂತ ಬಿಗಿಯಾದ ಶಬ್ದ. ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆ ಹಾಗೂ ವಿಶ್ವ ಆರೋಗ್ಯ ಸಂಸ್ಥೆಗಳು 2001ರಲ್ಲಿ ಕರೆದ ತಜ್ಞರ ಸಭೆ ಇದಕ್ಕೊಂದು ವ್ಯಾಖ್ಯೆಯನ್ನು ನೀಡಿತು. ಸಾಕಷ್ಟು ಪ್ರಮಾಣದಲ್ಲಿ ಸೇವಿಸಿದಾಗ ಸೇವಿಸಿದವರ ಆರೋಗ್ಯಕ್ಕೆ ಪ್ರಯೋಜನ ನೀಡುವ ಜೀವಂತ ಸೂಕ್ಷ್ಮಜೀವಿಗಳು ಎಂಬುದು ಅದರ ತಾತ್ಪರ್ಯ. ಅಂದರೆ ಜೀವಿ ಯಾವುದೆಂದು ತಳಿಯ ಮಟ್ಟದವರೆಗೆ ಗುರುತಿಸಿರಬೇಕು, ಅದು ಜೀವಂತವಾಗಿರಬೇಕು, ಅದರ ಪ್ರಮಾಣ ತಿಳಿದಿರಬೇಕು, ಉಪಯೋಗವನ್ನು ಪರೀಕ್ಷೆಯಿಂದ ತೋರಿಸಿರಬೇಕು. ಮನೆಯ ಮೊಸರಿನಲ್ಲಿ ಕೋಟಿಗಟ್ಟಲೆ ಬ್ಯಾಕ್ಟೀರಿಯಗಳಿದ್ದರೂ ಅವು ಯಾವ ತಳಿಯವೆಂಬುದು ಮನೆಯಿಂದ ಮನೆಗೆ, ಊರಿನಿಂದ ಊರಿಗೆ ಬದಲಾಗುತ್ತದೆ. ಆದ್ದರಿಂದ ಶಾಸ್ತ್ರೀಯ ಅರ್ಥದಲ್ಲಿ ಅದನ್ನು ಪ್ರೋಬಯಾಟಿಕ್ ಎನ್ನಲಾಗದು; ‘ಜೀವಂತ ಸೂಕ್ಷ್ಮಜೀವಿಗಳುಳ್ಳ ಹುದುಗು ಆಹಾರ’ ಎನ್ನುವುದು ಸರಿ. ಇದು ಮೊಸರಿನ ಹಿರಿಮೆಯನ್ನು ತಗ್ಗಿಸುವ ಮಾತಲ್ಲ, ಹೆಸರನ್ನು ಸರಿಯಾಗಿ ಬಳಸುವ ಮಾತು ಅಷ್ಟೆ.

ಇದರ ಜೊತೆಗೆ ಕೇಳಿಬರುವ ‘ಪ್ರೀಬಯಾಟಿಕ್’ ಎಂಬ ಪದ ಜೀವಿಯನ್ನಲ್ಲ, ಕರುಳಿನ ಜೀವಿಗಳಿಗೆ ದೊರೆಯುವ ಆಹಾರವನ್ನು ಸೂಚಿಸುತ್ತದೆ. ಈರುಳ್ಳಿ, ಬೆಳ್ಳುಳ್ಳಿ ಮತ್ತು ಕಾಳುಗಳಲ್ಲಿರುವ, ನಮ್ಮ ಜೀರ್ಣರಸಗಳಿಗೆ ಕರಗದ ಕೆಲವು ನಾರಿನಂಶಗಳು ಈ ಗುಂಪಿಗೆ ಸೇರುತ್ತವೆ.

ಇತಿಹಾಸ

ಹಾಲು ಹುಳಿಯಾಗುವುದು ಸೂಕ್ಷ್ಮಜೀವಿಗಳ ಕೆಲಸವೆಂಬುದನ್ನು ಫ್ರಾನ್ಸಿನ ಲೂಯಿ ಪಾಶ್ಚರ್ 1857ರಲ್ಲಿ ಪ್ರತಿಪಾದಿಸಿದನು. 1905ರಲ್ಲಿ ಬಲ್ಗೇರಿಯದ ವೈದ್ಯ ಸ್ಟಾಮೆನ್ ಗ್ರಿಗೊರೊವ್ ಜಿನೀವಾದಲ್ಲಿ ಅಧ್ಯಯನ ಮಾಡುತ್ತಿದ್ದಾಗ ತನ್ನ ನಾಡಿನ ಮೊಸರಿನಿಂದ ದಂಡಾಕಾರದ ಬ್ಯಾಕ್ಟೀರಿಯವೊಂದನ್ನು ಗುರುತಿಸಿದನು. ಮುಂದೆ ಅದಕ್ಕೆ ಬಲ್ಗೇರಿಯದ ಹೆಸರೇ ಅಂಟಿಕೊಂಡಿತು.

ಈ ವಿಷಯವನ್ನು ಜನಸಾಮಾನ್ಯರವರೆಗೆ ತಂದವನು ಈಗಿನ ಉಕ್ರೇನಿನ ಖಾರ್ಕಿವ್ ಪ್ರಾಂತ್ಯದಲ್ಲಿ 1845ರಲ್ಲಿ ಜನಿಸಿ, ಪ್ಯಾರಿಸಿನ ಪಾಶ್ಚರ್ ಸಂಸ್ಥೆಯಲ್ಲಿ ಕೆಲಸ ಮಾಡಿದ ಇಲ್ಯಾ ಮೆಚ್ನಿಕಾಫ್. ದೊಡ್ಡಕರುಳಿನಲ್ಲಿ ಆಹಾರ ಕೊಳೆತು ಹುಟ್ಟುವ ವಿಷಗಳೇ ಮುಪ್ಪಿಗೆ ಕಾರಣ, ಹುಳಿ ಹಾಲಿನ ಬ್ಯಾಕ್ಟೀರಿಯಗಳು ಅದನ್ನು ತಡೆಯಬಲ್ಲವು ಎಂಬುದು ಅವನ ವಾದ. ಬಲ್ಗೇರಿಯದ ಹಳ್ಳಿಗರು ದೀರ್ಘಾಯುಷಿಗಳೆಂಬ ಮಾತನ್ನು ಅವನು ಇದಕ್ಕೆ ಆಧಾರವಾಗಿ ಹಿಡಿದನು. ತಾನೂ ದಿನಾಲು ಹುಳಿ ಹಾಲನ್ನು ಕುಡಿಯುತ್ತಿದ್ದನು. 1908ರಲ್ಲಿ ಪಾಲ್ ಏರ್ಲಿಕ್‌ನೊಡನೆ ಅವನಿಗೆ ನೊಬೆಲ್ ಪ್ರಶಸ್ತಿ ದೊರೆಯಿತು. ಅದು ರೋಗನಿರೋಧಕ ಶಕ್ತಿಯ ಸಂಶೋಧನೆಗೆ ಸಂದದ್ದೇ ಹೊರತು ಮೊಸರಿನ ಸಿದ್ಧಾಂತಕ್ಕಲ್ಲ. ಅನೇಕ ಬರಹಗಳು ಈ ಎರಡನ್ನೂ ಬೆಸೆದುಬಿಡುತ್ತವೆ. ಬಲ್ಗೇರಿಯದ ಆ ಬ್ಯಾಕ್ಟೀರಿಯ ಮನುಷ್ಯನ ಕರುಳಿನಲ್ಲಿ ನೆಲೆಯೂರುವುದಿಲ್ಲವೆಂದು ನಂತರದ ಸಂಶೋಧಕರು ಕಂಡುಕೊಂಡರು. ಆದರೂ ಕರುಳಿನ ಜೀವಿಗಳನ್ನು ಆಹಾರದಿಂದ ಬದಲಾಯಿಸಬಹುದು ಎಂಬ ಮೂಲ ವಿಚಾರ ಉಳಿದುಕೊಂಡಿತು. ಜಪಾನಿನ ಮಿನೊರು ಶಿರೋಟ 1930ರಲ್ಲಿ ಇದೇ ಹಾದಿಯಲ್ಲಿ ಒಂದು ತಳಿಯನ್ನು ಬೇರ್ಪಡಿಸಿ ಬೆಳೆಸಿದನು. 1935ರಿಂದ ಅದು ಯಾಕುಲ್ಟ್ ಎಂಬ ಪಾನೀಯವಾಗಿ ಮಾರಾಟಕ್ಕೆ ಬಂದಿತು.

ಕನ್ನಡ ನಾಡಿನಲ್ಲಿ ಹುದುಗು ಆಹಾರದ ಸುಳಿವು ಸಾಹಿತ್ಯದಲ್ಲಿಯೇ ಸಿಗುತ್ತದೆ. ಸುಮಾರು 920ರ ಕಾಲದ ‘ವಡ್ಡಾರಾಧನೆ’ಯಲ್ಲಿ ‘ಇಡ್ಡಲಿಗೆ’ಯ ಉಲ್ಲೇಖವಿದೆ. ಹನ್ನೊಂದನೆಯ ಶತಮಾನದ ಇಮ್ಮಡಿ ಚಾವುಂಡರಾಯನ ‘ಲೋಕೋಪಕಾರ’ವು ಉದ್ದನ್ನು ಮಜ್ಜಿಗೆಯಲ್ಲಿ ನೆನೆಸಿ ರುಬ್ಬುವ ವಿಧಾನವನ್ನು ಹೇಳುತ್ತದೆ. ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನ ಸಂಸ್ಕೃತ ಕೃತಿ ‘ಮಾನಸೋಲ್ಲಾಸ’ದಲ್ಲಿಯೂ ಇದೇ ಬಗೆಯ ಭಕ್ಷ್ಯವಿದೆ. ಆದರೆ ಈ ಹಳೆಯ ವಿವರಣೆಗಳಲ್ಲಿ ಇರುವುದು ಉದ್ದು ಮಾತ್ರ, ಅಕ್ಕಿ ಇಲ್ಲ; ರಾತ್ರಿಯಿಡೀ ಹುದುಗು ಬರಿಸುವ ಮಾತೂ ಇಲ್ಲ ಎಂಬುದನ್ನು ಆಹಾರ ಇತಿಹಾಸಕಾರ ಕೆ. ಟಿ. ಅಚ್ಚಯ ಎತ್ತಿತೋರಿಸಿದ್ದಾರೆ. ಸಾವಿರ ವರ್ಷಗಳ ಹಿಂದಿನ ಇಡ್ಡಲಿಗೆಯೇ ಇಂದಿನ ಹುದುಗು ಬಂದ ಇಡ್ಲಿ ಎಂದು ಹೇಳುವವರು ಈ ಅಂಶವನ್ನು ನೆನಪಿಡುವುದು ಒಳ್ಳೆಯದು.

ಹುದುಗುವಿಕೆಯ ಕ್ರಿಯೆ

ಕಾಯಿಸಿದ ಹಾಲು ಉಗುರುಬೆಚ್ಚಗಿರುವಾಗ ಹೆಪ್ಪು ಹಾಕಿದರೆ ಅದರಲ್ಲಿನ ಬ್ಯಾಕ್ಟೀರಿಯಗಳು ಹಾಲಿನ ಸಕ್ಕರೆಯಾದ ಲ್ಯಾಕ್ಟೋಸನ್ನು ತಿಂದು ಲ್ಯಾಕ್ಟಿಕ್ ಆಮ್ಲವನ್ನು ಹೊರಹಾಕುತ್ತವೆ. ಹುಳಿ ಏರುತ್ತ ಪಿಎಚ್ ಸುಮಾರು 4.6ಕ್ಕೆ ಇಳಿದಾಗ ಕೇಸೀನ್ ಎಂಬ ಪ್ರೋಟೀನು ಒಂದಕ್ಕೊಂದು ಅಂಟಿ ಬಲೆಯಾಗಿ ಹೆಪ್ಪುಗಟ್ಟುತ್ತದೆ. ಹಾಲು ತೀರ ಬಿಸಿಯಾಗಿದ್ದರೆ ಬ್ಯಾಕ್ಟೀರಿಯಗಳು ಸಾಯುತ್ತವೆ. ತೀರ ತಣ್ಣಗಿದ್ದರೆ ಮಂದವಾಗುತ್ತವೆ. ಬೆರಳದ್ದಿ ಬಿಸಿ ನೋಡುವ ಗೃಹಿಣಿಯರ ಅಂದಾಜು ಈ ಲೆಕ್ಕವನ್ನೇ ಮಾಡುತ್ತದೆ. ಹುಳಿಯು ರೋಗಕಾರಕ ಜೀವಿಗಳ ಬೆಳವಣಿಗೆಯನ್ನು ತಡೆಯುವುದರಿಂದ ಹುದುಗುವಿಕೆ ಮೊದಲಿಗೆ ಆಹಾರ ಕಾಪಿಡುವ ಉಪಾಯವಾಗಿತ್ತು. ಆರೋಗ್ಯದ ವಿಚಾರ ಬಂದದ್ದು ಬಹಳ ನಂತರ.

ಯೋಗರ್ಟ್ ಎಂದು ಹೊರದೇಶಗಳಲ್ಲಿ ಮಾರುವ ಮೊಸರಿನಲ್ಲಿ ಸ್ಟ್ರೆಪ್ಟೊಕಾಕಸ್ ಥರ್ಮೊಫಿಲಸ್ ಮತ್ತು ಲ್ಯಾಕ್ಟೊಬ್ಯಾಸಿಲಸ್ ಬಲ್ಗೇರಿಕಸ್ ಎಂಬ ಎರಡು ನಿಶ್ಚಿತ ಜೀವಿಗಳಿರುತ್ತವೆ. ನಮ್ಮ ಮನೆಗಳ ಮೊಸರಿನಲ್ಲಿ ಹಲವು ಜಾತಿಗಳು ಬೆರೆತಿರುತ್ತವೆ. ಒಂದು ಮನೆಯ ಮೊಸರು ಗಟ್ಟಿಯಾಗಿ ಸಿಹಿಯಾಗಿರುವುದಕ್ಕೂ ಪಕ್ಕದ ಮನೆಯದು ಲೋಳೆಯಾಗಿ ಹುಳಿಯಾಗಿರುವುದಕ್ಕೂ ಇದೇ ಮುಖ್ಯ ಕಾರಣ. ಲ್ಯಾಕ್ಟೊಬ್ಯಾಸಿಲಸ್ ಎಂಬ ದೊಡ್ಡ ಕುಲವನ್ನು 2020ರಲ್ಲಿ ಒಡೆದು 23 ಹೊಸ ಕುಲಗಳನ್ನು ರಚಿಸಲಾಗಿದೆ. ಹಳೆಯ ಪುಸ್ತಕದ ಹೆಸರು ಹೊಸ ಪೊಟ್ಟಣದ ಹೆಸರಿಗೆ ಹೊಂದದಿದ್ದರೆ ವಿದ್ಯಾರ್ಥಿಗಳು ಗೊಂದಲಪಡಬೇಕಾಗಿಲ್ಲ.

ಇಡ್ಲಿ ಹಿಟ್ಟಿನಲ್ಲಿ ಮುಂದಾಳು ಲ್ಯೂಕೊನಾಸ್ಟಾಕ್ ಮೀಸೆಂಟೆರಾಯ್ಡಿಸ್. ಇದು ಆಮ್ಲದ ಜೊತೆಗೆ ಇಂಗಾಲದ ಡೈಆಕ್ಸೈಡನ್ನೂ ಬಿಡುತ್ತದೆ. ಉದ್ದಿನ ಲೋಳೆಯಂಶವೂ ಪ್ರೋಟೀನೂ ಆ ಅನಿಲವನ್ನು ಹಿಡಿದಿಟ್ಟುಕೊಳ್ಳುವುದರಿಂದ ಹಿಟ್ಟು ಉಬ್ಬುತ್ತದೆ. ಮಂಗಳೂರಿನ ಬೇಸಿಗೆಯಲ್ಲಿ ಬೇಗನೆ ಪಾತ್ರೆ ಮೀರುವ ಹಿಟ್ಟು ಬೆಂಗಳೂರಿನ ಡಿಸೆಂಬರ್ ಚಳಿಯಲ್ಲಿ ಬೆಳಗಾದರೂ ಏಳದಿರುವುದಕ್ಕೆ ಉಷ್ಣತೆಯೇ ಕಾರಣ. ದೋಸೆ, ಇಡ್ಲಿ ಎಂಬ ಹೆಸರಿದ್ದ ಮಾತ್ರಕ್ಕೆ ಹುದುಗು ಆಹಾರವಾಗುವುದಿಲ್ಲ: ನೀರುದೋಸೆಯ ಹಿಟ್ಟನ್ನು ಹುದುಗಿಸುವುದಿಲ್ಲ, ಸೋಡಾ ಹಾಕಿ ಆಗಲೇ ಬೇಯಿಸುವ ರವೆ ಇಡ್ಲಿ ಉಬ್ಬುವುದು ರಾಸಾಯನಿಕ ಅನಿಲದಿಂದ.

ಜೀವಂತವಾಗಿ ಹೊಟ್ಟೆ ಸೇರುವ ಪ್ರಶ್ನೆ

ಹುದುಗು ಬಂದ ನಂತರ ಆಹಾರಕ್ಕೆ ಏನು ಮಾಡುತ್ತೇವೆ ಎಂಬುದೇ ಇಲ್ಲಿ ನಿರ್ಣಾಯಕ. ಇಡ್ಲಿಯನ್ನು ಸುಮಾರು 100 ಡಿಗ್ರಿ ಸೆಲ್ಸಿಯಸ್ ಹಬೆಯಲ್ಲಿ ಬೇಯಿಸುತ್ತಾರೆ, ದೋಸೆಯನ್ನು ಅದಕ್ಕಿಂತ ಬಿಸಿಯಾದ ಕಾವಲಿಯ ಮೇಲೆ ಹುಯ್ಯುತ್ತಾರೆ. ಹಿಟ್ಟಿನಲ್ಲಿದ್ದ ಲ್ಯಾಕ್ಟಿಕ್ ಬ್ಯಾಕ್ಟೀರಿಯಗಳು ಅಲ್ಲಿಗೆ ಸಾಯುತ್ತವೆ. ಹೀಗಾಗಿ ಇಡ್ಲಿ ತಿಂದರೆ ಕರುಳಿಗೆ ಜೀವಂತ ಬ್ಯಾಕ್ಟೀರಿಯ ಸೇರುತ್ತದೆ ಎಂಬ ಪ್ರಚಲಿತ ಹೇಳಿಕೆ ತಪ್ಪು.

ಹಾಗೆಂದು ಹುದುಗಿದ ಶ್ರಮ ವ್ಯರ್ಥವಾಯಿತೆಂದಲ್ಲ. ಸೂಕ್ಷ್ಮಜೀವಿಗಳು ಸಾಯುವ ಮೊದಲೇ ಮಾಡಿಟ್ಟ ಕೆಲಸ ಬೆಂದ ಮೇಲೂ ಉಳಿಯುತ್ತದೆ. ಧಾನ್ಯ ಮತ್ತು ಬೇಳೆಗಳಲ್ಲಿ ಕಬ್ಬಿಣ, ಸತು ಮೊದಲಾದ ಖನಿಜಗಳನ್ನು ಬಿಗಿಹಿಡಿದಿರುವ ಫೈಟಿಕ್ ಆಮ್ಲ ಹುದುಗುವಾಗ ಕಡಿಮೆಯಾಗುತ್ತದೆ. ಹೊಟ್ಟೆಯುಬ್ಬರಕ್ಕೆ ಕಾರಣವಾಗುವ ಉದ್ದಿನ ಕೆಲವು ಸಕ್ಕರೆಗಳು ಒಡೆಯುತ್ತವೆ. ಕೆಲವು ಬಿ ಗುಂಪಿನ ಜೀವಸತ್ವಗಳ ಪ್ರಮಾಣ ಹೆಚ್ಚಬಹುದು. ಕಾಯಿಲೆಯಿಂದ ಎದ್ದವರಿಗೆ ಇಡ್ಲಿ ಕೊಡುವ ಪದ್ಧತಿಗೆ ಇದರಲ್ಲಿ ಸಮರ್ಥನೆಯಿದೆ.

ಹಾಲಿನ ಪದಾರ್ಥಗಳಲ್ಲಿ ಇದೇ ವ್ಯತ್ಯಾಸ ಒಂದೇ ಅಡುಗೆಮನೆಯೊಳಗೆ ಕಾಣುತ್ತದೆ. ಮಲೆನಾಡಿನ ತಂಬುಳಿಯಲ್ಲಿ ಸೊಪ್ಪನ್ನು ಬಾಡಿಸಿ ಆರಿದ ಮೇಲೆ ಮಜ್ಜಿಗೆ ಬೆರೆಸುತ್ತಾರೆ, ಮತ್ತೆ ಕುದಿಸುವುದಿಲ್ಲ; ಆದ್ದರಿಂದ ಬ್ಯಾಕ್ಟೀರಿಯಗಳು ಉಳಿಯುತ್ತವೆ. ಮಜ್ಜಿಗೆ ಹುಳಿಯನ್ನು ಕುದಿಸುತ್ತಾರೆ; ರುಚಿ ಉಳಿದು ಜೀವ ಹೋಗುತ್ತದೆ. ರಾಗಿ ಅಂಬಲಿಗೆ ಗಂಜಿ ಆರಿದ ಮೇಲೆ ಮಜ್ಜಿಗೆ ಹಾಕಿದರೆ ಅದು ಮೊದಲನೆಯ ಗುಂಪಿಗೆ ಸೇರುತ್ತದೆ. ಮೊಸರನ್ನ ಕಲಸುವಾಗ ಅನ್ನ ಹೊಗೆಯಾಡುವಷ್ಟು ಬಿಸಿಯಿದ್ದರೆ ಬಹುಪಾಲು ನಷ್ಟವಾದೀತು. ಫ್ರಿಜ್ ಇಲ್ಲದೆ ತಿಂಗಳುಗಟ್ಟಲೆ ಕೆಡದಂತೆ ಶಾಖಸಂಸ್ಕರಣೆ ಮಾಡಿದ ಪೊಟ್ಟಣದ ಮಜ್ಜಿಗೆ, ಲಸ್ಸಿಗಳಲ್ಲಿ ಜೀವಂತ ಬ್ಯಾಕ್ಟೀರಿಯಗಳನ್ನು ನಿರೀಕ್ಷಿಸುವಂತಿಲ್ಲ.

ಉಪ್ಪಿನಕಾಯಿಯ ವಿಷಯ ಇನ್ನಷ್ಟು ಸೂಕ್ಷ್ಮ. ಕೊರಿಯದ ಕಿಮ್ಚಿ ಮತ್ತು ಜರ್ಮನಿಯ ಸಾವರ್‌ಕ್ರೌಟ್‌ಗಳಲ್ಲಿ ಉಪ್ಪು ಮಿತವಾಗಿದ್ದು ಎಲೆಕೋಸು ಹುದುಗುತ್ತದೆ. ನಮ್ಮ ಮಾವಿನಕಾಯಿ, ನಿಂಬೆ ಉಪ್ಪಿನಕಾಯಿಗಳಲ್ಲಿ ಉಪ್ಪು, ಹುಳಿ, ಎಣ್ಣೆಗಳು ಸೇರಿ ಎಲ್ಲ ಜೀವಿಗಳ ಬೆಳವಣಿಗೆಯನ್ನೂ ಬಹುಮಟ್ಟಿಗೆ ತಡೆಯುತ್ತವೆ. ಅವು ಕೆಡದಿರುವುದು ಹೆಚ್ಚಾಗಿ ಉಪ್ಪಿನ ಬಲದಿಂದ. ಕರುಳಿಗೆ ಒಳ್ಳೆಯದೆಂದು ಉಪ್ಪಿನಕಾಯಿಯನ್ನು ಹೆಚ್ಚು ತಿನ್ನುವುದಕ್ಕೆ ಆಧಾರವಿಲ್ಲ.

ಕರುಳಿನಲ್ಲಿ ನಡೆಯುವುದು

ವಯಸ್ಕನ ದೇಹದಲ್ಲಿ ಸುಮಾರು 38 ಲಕ್ಷ ಕೋಟಿ ಬ್ಯಾಕ್ಟೀರಿಯಗಳಿವೆಯೆಂದು 2016ರಲ್ಲಿ ಪ್ರಕಟವಾದ ಅಂದಾಜು ತಿಳಿಸುತ್ತದೆ. ಇದು ಮಾನವ ಜೀವಕೋಶಗಳ ಸಂಖ್ಯೆಗೆ ಹೆಚ್ಚುಕಡಿಮೆ ಸಮಾನ. ‘ಬ್ಯಾಕ್ಟೀರಿಯಗಳು ನಮ್ಮ ಜೀವಕೋಶಗಳಿಗಿಂತ ಹತ್ತು ಪಟ್ಟು’ ಎಂಬ ಹಳೆಯ ಮಾತು ಇದರಿಂದ ಬಿದ್ದುಹೋಯಿತು. ಇವುಗಳಲ್ಲಿ ಬಹುಪಾಲು ದೊಡ್ಡಕರುಳಿನಲ್ಲಿವೆ. ನಾವು ಜೀರ್ಣಿಸಲಾಗದ ನಾರನ್ನು ಅವು ಒಡೆದು ಬ್ಯುಟಿರೇಟ್ ಮುಂತಾದ ಸಣ್ಣ ಕೊಬ್ಬಿನ ಆಮ್ಲಗಳನ್ನು ತಯಾರಿಸುತ್ತವೆ; ಕರುಳಿನ ಒಳಪದರದ ಕೋಶಗಳಿಗೆ ಬ್ಯುಟಿರೇಟೇ ಮುಖ್ಯ ಇಂಧನ.

ಆಹಾರದೊಂದಿಗೆ ಬಂದ ಬ್ಯಾಕ್ಟೀರಿಯಗಳಲ್ಲಿ ಅನೇಕವು ಜಠರದ ಆಮ್ಲದಲ್ಲಿಯೇ ನಾಶವಾಗುತ್ತವೆ. ದಾಟಿ ಬಂದವು ಸಾಮಾನ್ಯವಾಗಿ ಅಲ್ಲಿ ಮನೆ ಮಾಡುವುದಿಲ್ಲ. ಹಾದುಹೋಗುವ ದಾರಿಯಲ್ಲಿ ಆಮ್ಲವನ್ನೂ ಕಿಣ್ವಗಳನ್ನೂ ಬಿಟ್ಟು, ಕರುಳಿನ ರೋಗನಿರೋಧಕ ಕೋಶಗಳೊಡನೆ ಸಂಪರ್ಕಕ್ಕೆ ಬಂದು ಹೊರಹೋಗುತ್ತವೆ. ಸೇವನೆ ನಿಲ್ಲಿಸಿದ ಕೆಲವು ದಿನಗಳಲ್ಲಿ ಅವುಗಳ ಸುಳಿವು ಸಿಗದು. ವಾರಕ್ಕೊಮ್ಮೆ ಲೀಟರುಗಟ್ಟಲೆ ಮಜ್ಜಿಗೆ ಕುಡಿಯುವುದಕ್ಕಿಂತ ದಿನಾ ಊಟದ ಕೊನೆಗೆ ಒಂದು ಲೋಟ ಕುಡಿಯುವುದು ಸಂಗತ ಎನಿಸುವುದು ಇದರಿಂದಲೇ.

ಸಂಶೋಧನೆಗಳು

ಅತ್ಯಂತ ದೃಢವಾದ ಪುರಾವೆ ಇರುವುದು ಲ್ಯಾಕ್ಟೋಸ್ ಜೀರ್ಣದ ವಿಷಯದಲ್ಲಿ. ಹಾಲು ಕುಡಿದರೆ ಹೊಟ್ಟೆಯುಬ್ಬರ, ಭೇದಿಯಾಗುವ ಅನೇಕರಿಗೆ ಮೊಸರು ಒಗ್ಗುತ್ತದೆ. ಮೊಸರಿನ ಬ್ಯಾಕ್ಟೀರಿಯಗಳು ಲ್ಯಾಕ್ಟೋಸಿನ ಒಂದು ಭಾಗವನ್ನು ಮೊದಲೇ ಒಡೆದಿರುತ್ತವೆ. ಉಳಿದುದನ್ನು ಒಡೆಯುವ ಕಿಣ್ವವನ್ನು ಸಣ್ಣಕರುಳಿಗೆ ಒದಗಿಸುತ್ತವೆ. ಯುರೋಪಿನ ಆಹಾರ ಸುರಕ್ಷತಾ ಪ್ರಾಧಿಕಾರವು 2010ರಲ್ಲಿ ಈ ಪ್ರಯೋಜನವನ್ನು ಒಪ್ಪಿಕೊಂಡಿತು. ಪ್ರೋಬಯಾಟಿಕ್ ಕಂಪನಿಗಳು ಮುಂದಿಟ್ಟ ಬೇರೆ ಹೇಳಿಕೆಗಳಲ್ಲಿ ಬಹುಪಾಲನ್ನು ಪುರಾವೆ ಸಾಲದೆಂದು ಅದೇ ಪ್ರಾಧಿಕಾರ ತಳ್ಳಿಹಾಕಿತು.

ಅಮೆರಿಕದ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ ಸಂಶೋಧಕರು 2021ರಲ್ಲಿ ಪ್ರಕಟಿಸಿದ ಅಧ್ಯಯನ ಹೆಚ್ಚು ಚರ್ಚೆಗೊಳಗಾಗಿದೆ. 36 ಮಂದಿ ಆರೋಗ್ಯವಂತ ವಯಸ್ಕರಲ್ಲಿ ಅರ್ಧದಷ್ಟು ಜನರಿಗೆ ಮೊಸರು, ಕೆಫಿರ್, ಕಿಮ್ಚಿ, ಕೊಂಬುಚ ಮೊದಲಾದ ಹುದುಗು ಆಹಾರಗಳನ್ನೂ ಉಳಿದವರಿಗೆ ನಾರು ಹೆಚ್ಚಿರುವ ಆಹಾರವನ್ನೂ 10 ವಾರ ನೀಡಲಾಯಿತು. ಹುದುಗು ಆಹಾರ ತಿಂದವರ ಕರುಳಿನ ಜೀವಿವೈವಿಧ್ಯ ಹೆಚ್ಚಿತು. ಉರಿಯೂತವನ್ನು ಸೂಚಿಸುವ 19 ಪ್ರೋಟೀನುಗಳ ಮಟ್ಟ ರಕ್ತದಲ್ಲಿ ತಗ್ಗಿತು. ಹೊಸದಾಗಿ ಕಂಡ ಜೀವಿಗಳಲ್ಲಿ ಬಹುಪಾಲು ಆ ಆಹಾರದಿಂದ ನೇರವಾಗಿ ಬಂದವಲ್ಲ ಎಂಬುದು ಕುತೂಹಲದ ಸಂಗತಿ. ಭಾಗವಹಿಸಿದವರ ಸಂಖ್ಯೆ ಚಿಕ್ಕದು, ಅವರು ತಿಂದ ಪ್ರಮಾಣ ದಿನಕ್ಕೆ ಸುಮಾರು ಆರು ಬಡಿಕೆಗಳಷ್ಟು ದೊಡ್ಡದು, ಅಳೆದದ್ದು ರೋಗವನ್ನಲ್ಲ, ರಕ್ತದ ಸೂಚಕಗಳನ್ನು. ಈ ಮಿತಿಗಳನ್ನು ಮರೆತು ಅದನ್ನು ಉಲ್ಲೇಖಿಸುವುದು ಸರಿಯಲ್ಲ.

ಭಾರತದಲ್ಲಿ ನಡೆದ ಮಹತ್ವದ ಪ್ರಯೋಗ ಒಡಿಶಾದ ಗ್ರಾಮಗಳದು. 4,500ಕ್ಕೂ ಹೆಚ್ಚು ನವಜಾತ ಶಿಶುಗಳಲ್ಲಿ ಒಂದು ಗುಂಪಿಗೆ ಲ್ಯಾಕ್ಟೊಬ್ಯಾಸಿಲಸ್ ಪ್ಲಾಂಟಾರಮ್‌ನ ಒಂದು ತಳಿಯನ್ನು ಅದರ ಪೋಷಕ ಸಕ್ಕರೆಯೊಂದಿಗೆ ಏಳು ದಿನ ಕೊಡಲಾಯಿತು. ರಕ್ತದ ನಂಜು ಅಥವಾ ಸಾವಿಗೆ ಗುರಿಯಾದವರ ಪ್ರಮಾಣ ಶೇಕಡ 9ರಿಂದ 5.4ಕ್ಕೆ ಇಳಿಯಿತು. 2017ರಲ್ಲಿ ಪ್ರಕಟವಾದ ಈ ಫಲಿತಾಂಶ ತೂಕದ್ದು. ಆದರೆ ಅದು ಪ್ರಯೋಗಾಲಯದಲ್ಲಿ ಸಿದ್ಧಪಡಿಸಿದ ಒಂದು ನಿರ್ದಿಷ್ಟ ತಳಿಯನ್ನು, ಸಾಕಷ್ಟು ತೂಕವಿದ್ದ ಶಿಶುಗಳಿಗೆ, ಸಂಶೋಧಕರ ನಿಗಾದಲ್ಲಿ ಕೊಟ್ಟುದರ ಫಲ. ಇದನ್ನು ಓದಿ ಹಸುಗೂಸಿಗೆ ಮನೆಯಲ್ಲಿ ಮೊಸರನ್ನೋ ಅಂಗಡಿಯ ಪುಡಿಯನ್ನೋ ನೆಕ್ಕಿಸುವುದು ಅಪಾಯಕರ. ಅವಧಿಗೆ ಮುನ್ನ ಹುಟ್ಟಿದ ಶಿಶುಗಳಿಗೆ ಪ್ರೋಬಯಾಟಿಕ್ ಕೊಡುವುದರ ಬಗ್ಗೆ ಅಮೆರಿಕದ ಆಹಾರ ಮತ್ತು ಔಷಧ ಆಡಳಿತವು ಒಂದು ಶಿಶುವಿನ ಮರಣದ ನಂತರ 2023ರಲ್ಲಿ ಎಚ್ಚರಿಕೆ ಹೊರಡಿಸಿತು.

ಮಕ್ಕಳ ವಾಂತಿಭೇದಿಯ ವಿಷಯದಲ್ಲಿ ಅಮೆರಿಕ ಮತ್ತು ಕೆನಡಗಳಲ್ಲಿ ನಡೆದು 2018ರಲ್ಲಿ ಪ್ರಕಟವಾದ ಎರಡು ದೊಡ್ಡ ಪ್ರಯೋಗಗಳಲ್ಲಿ, ಪ್ರೋಬಯಾಟಿಕ್ ಪಡೆದ ಮಕ್ಕಳಿಗೂ ಹುಸಿಮದ್ದು ಪಡೆದವರಿಗೂ ವ್ಯತ್ಯಾಸ ಕಾಣಲಿಲ್ಲ. ಪ್ರತಿಜೈವಿಕ ಔಷಧಗಳಿಂದ ಉಂಟಾಗುವ ಭೇದಿಯನ್ನು ತಡೆಯುವಲ್ಲಿ ಕೆಲವು ತಳಿಗಳು ನೆರವಾಗುತ್ತವೆ ಎಂಬುದಕ್ಕೆ ಮಧ್ಯಮ ಮಟ್ಟದ ಪುರಾವೆಯಿದೆ. ಒಂದು ತಳಿಯ ಗುಣವನ್ನು ಇನ್ನೊಂದಕ್ಕೆ ಆರೋಪಿಸಲಾಗದು ಎಂಬುದು ಈ ಎಲ್ಲ ಪ್ರಯೋಗಗಳಿಂದ ಹೊರಡುವ ತಿಳಿವಳಿಕೆ.

ಇತರ ಪ್ರದೇಶಗಳಲ್ಲಿ

ನೀರಿನಲ್ಲಿ ರಾತ್ರಿಯಿಡೀ ಇಟ್ಟ ಅನ್ನ ಒಡಿಶಾದಲ್ಲಿ ಪಖಾಳ, ಬಂಗಾಳದಲ್ಲಿ ಪಾಂತಾ ಭಾತ್ ಎನಿಸಿಕೊಳ್ಳುತ್ತದೆ. ಕನ್ನಡದ ತಂಗಳನ್ನ ಇವುಗಳ ಬಂಧು. ಇಂತಹ ಅನ್ನದಲ್ಲಿ ಕಬ್ಬಿಣದ ಅಂಶ ಹಲವು ಪಟ್ಟು ಹೆಚ್ಚುತ್ತದೆಂಬ ಮಾತು ಹರಿದಾಡುತ್ತಿದೆ. ಕಬ್ಬಿಣ ಒಂದು ಮೂಲವಸ್ತು. ಬ್ಯಾಕ್ಟೀರಿಯಗಳು ಅದನ್ನು ಸೃಷ್ಟಿಸಲಾರವು. ಅಕ್ಕಿಯಲ್ಲಿ ಬಂಧಿತವಾಗಿದ್ದ ಕಬ್ಬಿಣ ದೇಹಕ್ಕೆ ಸುಲಭವಾಗಿ ದೊರೆಯುವಂತೆ ಆಗಬಹುದು, ಅಷ್ಟೆ. ಸಿಕ್ಕಿಮ್ ಮತ್ತು ನೇಪಾಳಗಳ ಗುಂದ್ರುಕ್ ಸೊಪ್ಪಿನಿಂದಲೂ ಕಿನೆಮ ಸೋಯಾಕಾಳಿನಿಂದಲೂ ಆಗುತ್ತವೆ. ನಾಗಾಲ್ಯಾಂಡಿನ ಆಖುನಿಯೂ ಸೋಯಾದ್ದೇ. ಜಪಾನಿನ ನಾಟೊ ಕಿನೆಮವನ್ನು ಹೋಲುತ್ತದೆ. ಕರಾವಳಿಯ ಕೊಂಕಣಿ ಕ್ರೈಸ್ತರು ಸನ್ನಾ ಮಾಡಲು ಅಕ್ಕಿ ಹಿಟ್ಟಿಗೆ ಕಳ್ಳನ್ನು ಬೆರೆಸಿ ಹುದುಗಿಸುವ ಪದ್ಧತಿಯಿದೆ. ಅಲ್ಲಿ ಉಬ್ಬಿಸುವ ಕೆಲಸ ಕಳ್ಳಿನ ಯೀಸ್ಟಿನದು.

ಎಚ್ಚರಿಕೆಗಳು

ಭೇದಿಯಾದಾಗ, ಮುಖ್ಯವಾಗಿ ಮಕ್ಕಳಲ್ಲಿ, ಪ್ರಾಣಾಪಾಯ ಬರುವುದು ದೇಹದ ನೀರು ಮತ್ತು ಲವಣಗಳು ಬರಿದಾಗುವುದರಿಂದ. ಆಗ ಮೊದಲು ಬೇಕಾದದ್ದು ಓಆರ್‌ಎಸ್ ದ್ರಾವಣ. ಮಕ್ಕಳಿಗೆ ಅದರೊಡನೆ ಸತುವಿನ ಮಾತ್ರೆಯನ್ನು ವಿಶ್ವ ಆರೋಗ್ಯ ಸಂಸ್ಥೆ ಶಿಫಾರಸು ಮಾಡುತ್ತದೆ. ಮೊಸರನ್ನವನ್ನು ಜೊತೆಗೆ ಕೊಡಬಹುದು, ಆದರೆ ಅದರ ಬದಲಿಗೆ ಅಲ್ಲ. ಮಲದಲ್ಲಿ ರಕ್ತ, ಕಾರಣವಿಲ್ಲದೆ ತೂಕ ಇಳಿಯುವುದು, ವಾರಗಟ್ಟಲೆ ಮುಂದುವರಿದ ಭೇದಿ ಇವು ಮಜ್ಜಿಗೆಯಿಂದ ವಾಸಿಮಾಡಿಕೊಳ್ಳುವ ಲಕ್ಷಣಗಳಲ್ಲ. ವೈದ್ಯರ ಬಳಿಗೆ ಹೋಗುವುದನ್ನು ಮನೆಮದ್ದಿನ ಭರವಸೆಯಲ್ಲಿ ಮುಂದೂಡಬಾರದು.

ಕ್ಯಾನ್ಸರ್ ಚಿಕಿತ್ಸೆಯಲ್ಲಿರುವವರು, ಅಂಗ ಕಸಿ ಮಾಡಿಸಿಕೊಂಡವರು ಹಾಗೂ ರೋಗನಿರೋಧಕ ಶಕ್ತಿ ತೀರ ಕುಗ್ಗಿದವರು ಜೀವಂತ ಸೂಕ್ಷ್ಮಜೀವಿಗಳುಳ್ಳ ಪದಾರ್ಥಗಳನ್ನು ವೈದ್ಯರನ್ನು ಕೇಳಿಯೇ ಸೇವಿಸಬೇಕು. ಖಿನ್ನತೆಗೆ ಕೊಡುವ ಎಂಎಓ ಪ್ರತಿಬಂಧಕಗಳೆಂಬ ಔಷಧಗಳನ್ನು ಸೇವಿಸುವವರಿಗೆ ಹಳೆಯ ಚೀಸ್, ಸೋಯಾ ಹುದುಗುಗಳಲ್ಲಿರುವ ಟೈರಮಿನ್ ರಕ್ತದೊತ್ತಡವನ್ನು ಹಠಾತ್ತನೆ ಏರಿಸಬಹುದು. ದಿನಕ್ಕೆ 5 ಗ್ರಾಮಿಗಿಂತ ಕಡಿಮೆ ಉಪ್ಪು ಸಾಕೆಂಬ ವಿಶ್ವ ಆರೋಗ್ಯ ಸಂಸ್ಥೆಯ ಸಲಹೆಯನ್ನು ಉಪ್ಪುನೀರಿನ ತರಕಾರಿ ಪ್ರಿಯರು ಮರೆಯುವಂತಿಲ್ಲ.

ಹುಳಿ ಬಂದುದಕ್ಕೂ ಹಳಸಿದುದಕ್ಕೂ ವ್ಯತ್ಯಾಸವಿದೆ. ಬೆಂದ ಅನ್ನವನ್ನು ಬೆಚ್ಚಗಿನ ವಾತಾವರಣದಲ್ಲಿ ಹಾಗೆಯೇ ಬಿಟ್ಟರೆ ಬ್ಯಾಸಿಲಸ್ ಸೀರಿಯಸ್ ಎಂಬ ಬ್ಯಾಕ್ಟೀರಿಯ ಬೆಳೆದು ವಿಷವನ್ನು ಉಂಟುಮಾಡಬಹುದು. ಅದು ವಾಂತಿ ಬರಿಸುವ ಬಗೆಯದಾದರೆ ಮತ್ತೆ ಬಿಸಿಮಾಡಿದರೂ ನಾಶವಾಗುವುದಿಲ್ಲ. ಬಣ್ಣದ ಬೂಷ್ಟು ಕಟ್ಟಿದ, ಕೊಳೆತ ವಾಸನೆ ಬಂದ ಹಿಟ್ಟನ್ನೂ ಮೊಸರನ್ನೂ ಮೇಲಿನ ಪದರ ತೆಗೆದು ಬಳಸುವುದು ಸಲ್ಲದು.

ಮಾರುಕಟ್ಟೆಯ ಪದಾರ್ಥಗಳು

ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ ಮತ್ತು ಜೈವಿಕ ತಂತ್ರಜ್ಞಾನ ಇಲಾಖೆಗಳು ಆಹಾರದಲ್ಲಿನ ಪ್ರೋಬಯಾಟಿಕ್‌ಗಳಿಗಾಗಿ 2011ರಲ್ಲಿ ಮಾರ್ಗಸೂಚಿಯನ್ನು ಹೊರತಂದವು. ಜೀವಿಯ ಕುಲ, ಜಾತಿ ಹಾಗೂ ತಳಿಯ ಹೆಸರು, ಬಳಕೆಯ ಅವಧಿ ಮುಗಿಯುವ ದಿನದಲ್ಲಿಯೂ ಉಳಿದಿರುವ ಜೀವಂತ ಕಣಗಳ ಸಂಖ್ಯೆ, ಶೇಖರಣೆಯ ಉಷ್ಣತೆ ಇವು ಪೊಟ್ಟಣದ ಮೇಲೆ ಇರಬೇಕೆಂದು ಅದು ಹೇಳುತ್ತದೆ. ಹೀಗಾಗಿ ದೊಡ್ಡ ಅಕ್ಷರದ ‘ಪ್ರೋಬಯಾಟಿಕ್’ ಎಂಬ ಪದಕ್ಕಿಂತ ಹಿಂಬದಿಯ ಸಣ್ಣ ಅಕ್ಷರಗಳು ಹೆಚ್ಚು ಉಪಯುಕ್ತ. ಸುವಾಸನೆ ಬೆರೆಸಿದ ಮೊಸರು ಮತ್ತು ಪಾನೀಯಗಳಲ್ಲಿ ಸೇರಿಸಿದ ಸಕ್ಕರೆಯ ಪ್ರಮಾಣವೂ ಅಲ್ಲಿಯೇ ಸಿಗುತ್ತದೆ. ಮಧುಮೇಹವಿರುವವರು ಅದನ್ನು ಮೊದಲು ಓದಬೇಕು.